ಗಡ್ಡೆಯ ನಿದ್ದೆ

ಕೆಲವು ವರ್ಷಗಳ ಹಿಂದಿನ ಮಾತು. ಬಳ್ಳಾರಿಯ ಪಾರ್ವತಿನಗರದ ಒಂದು ಮನೆಯಲ್ಲಿ ಯುಗಾದಿಗೆ ಮುಂಚಿನ ಸ್ವಚ್ಛತೆ ನಡೆದಿತ್ತು. ಹಿತ್ತಲಿನ ಕುಂಡಗಳನ್ನೆಲ್ಲ ಸರಿಸಿ ಕಲ್ಲುಹಾಸು ತೊಳೆಯುತ್ತಿದ್ದ ಮನೆಯ ಯಜಮಾನರು ಒಂದು ಕುಂಡವನ್ನು ಕೈಗೆತ್ತಿಕೊಂಡರು. ಅದರಲ್ಲಿ ಒಣಮಣ್ಣು ಬಿಟ್ಟರೆ ಮತ್ತೇನೂ ಕಾಣುತ್ತಿರಲಿಲ್ಲ. ನಾಲ್ಕೈದು ತಿಂಗಳಿನಿಂದ ಹಾಗೇ ಬಿದ್ದಿತ್ತು. “ಇದು ಸತ್ತು ಎಷ್ಟು ದಿನ ಆತೋ ಏನೋ, ಮಣ್ಣು ಸುರುವಿ ಬ್ಯಾರೆ ಗಿಡ ಹಚ್ಚೂಣು” ಎಂದು ಕುಂಡವನ್ನು ಬೋರಲು ಹಾಕಲು ಹೊರಟರು.

ಹಿತ್ತಲ ಬಾಗಿಲಲ್ಲಿ ಕುಳಿತು ಅವರೆಕಾಯಿ ಸುಲಿಯುತ್ತಿದ್ದ ಅಜ್ಜಿ ತಲೆ ಎತ್ತದೆಯೇ ಹೇಳಿದರು: “ತಡಿಯಪಾ. ಅದು ಸತ್ತಿಲ್ಲ, ಮಲಗೈತಿ.”

ಕುಂಡ ಮತ್ತೆ ಗೋಡೆಯ ಬದಿಗೆ ಹೋಯಿತು. ಅದರೊಳಗೆ ಇದ್ದದ್ದು ಮೇ ಫ್ಲವರ್ ಎಂದು ಎಲ್ಲರೂ ಕರೆಯುವ ಗಿಡದ ಗಡ್ಡೆ. ಸಸ್ಯಶಾಸ್ತ್ರದವರು ಅದನ್ನು ಸ್ಕಾಡಾಕ್ಸಸ್ ಮಲ್ಟಿಫ್ಲೋರಸ್ ಎನ್ನುತ್ತಾರೆ. ಮೂಲ ಆಫ್ರಿಕಾದ್ದು. ಮಳೆಗಾಲದಲ್ಲಿ ಅಗಲವಾದ ಹಸಿರೆಲೆ ಬಿಡುತ್ತದೆ; ಚಳಿ ಬರುತ್ತಿದ್ದಂತೆ ಎಲೆ ಹಳದಿಯಾಗಿ ಮಣ್ಣಿನ ಮೇಲೆ ಒರಗಿ ಒಣಗುತ್ತದೆ. ಆಮೇಲೆ ತಿಂಗಳುಗಟ್ಟಲೆ ಸುಳಿವೇ ಇಲ್ಲ. ಬೇಸಿಗೆಯ ಮೊದಲ ಮಳೆ ಬಿದ್ದ ಮೇಲೆ ಒಂದು ದಿನ ಎಲೆಯೂ ಇಲ್ಲದೆ ಬರೀ ಮಣ್ಣಿನಿಂದ ದಪ್ಪನೆಯ ದಂಟೊಂದು ಮೇಲೆದ್ದು, ತುದಿಯಲ್ಲಿ ಕೆಂಪು ಚೆಂಡಿನಂತೆ ಅರಳಿ ನಿಲ್ಲುತ್ತದೆ.

ಆ ವರ್ಷವೂ ಮೇ ತಿಂಗಳಲ್ಲಿ ಅದು ಅರಳಿತು. ಆದರೆ ನೋಡುವ ಮನಸ್ಸು ಯಾರಿಗೂ ಇರಲಿಲ್ಲ. ಅದೇ ವಾರ ದ್ವಿತೀಯ ಪಿಯುಸಿ ಫಲಿತಾಂಶ ಬಂದಿತ್ತು. ಮನೆಯ ಕಿರಿಯ ಮಗ ಭೌತಶಾಸ್ತ್ರ ಮತ್ತು ಗಣಿತ ಎರಡರಲ್ಲೂ ನಪಾಸಾಗಿದ್ದ.

ಪೂರಕ ಪರೀಕ್ಷೆಯಲ್ಲಿ ಗಣಿತ ಹೇಗೋ ದಾಟಿತು. ಭೌತಶಾಸ್ತ್ರ ಮತ್ತೆ ಉಳಿಯಿತು. ಜೊತೆಯ ಹುಡುಗರು ಇಂಜಿನಿಯರಿಂಗ್, ಬಿಎಸ್ಸಿ, ಬಿಕಾಂ ಎಂದು ಚದುರಿದರು. ಈ ಹುಡುಗ ಮನೆಯಲ್ಲೇ ಉಳಿದ. ಸಂಜೆ ಮಹಡಿ ಹತ್ತಿ ಕೋಟೆಗುಡ್ಡದ ಕಡೆ ಮುಖ ಮಾಡಿ ಕೂರುವುದು, ಕೆಳಗೆ ಯಾರಾದರೂ ನೆಂಟರು ಬಂದ ಸದ್ದು ಕೇಳಿದರೆ ಅಲ್ಲೇ ಉಳಿಯುವುದು ಅವನ ದಿನಚರಿಯಾಯಿತು. ತಾಯಿ ತಟ್ಟೆಯನ್ನು ಮಹಡಿಗೇ ತಂದುಕೊಡುತ್ತಿದ್ದರು. ತಂದೆ ಬ್ಯಾಂಕಿನಿಂದ ಬಂದವರೇ ಚಪ್ಪಲಿ ಬಿಡುವ ಮೊದಲು ಕೇಳುತ್ತಿದ್ದರು: “ಇವತ್ತು ಎಷ್ಟು ಓದಿದಿ?” ಉತ್ತರ ಬರುತ್ತಿರಲಿಲ್ಲ. ಮರುದಿನ ಮತ್ತೆ ಅದೇ ಪ್ರಶ್ನೆ.

ಉತ್ತರಪತ್ರಿಕೆಯ ನಕಲು ಪ್ರತಿಗಾಗಿ ತಂದೆಯೇ ಶುಲ್ಕ ಕಟ್ಟಿ ಅರ್ಜಿ ಹಾಕಿದ್ದರು. ಲಕೋಟೆ ಬಂದಿತ್ತು. ಹುಡುಗ ಅದನ್ನು ಒಡೆಯದೆ ಕಪಾಟಿನ ಮೇಲೆ, ಹಳೆಯ ಪುಸ್ತಕಗಳ ಕೆಳಗೆ ಇಟ್ಟುಬಿಟ್ಟ.

ಅಕ್ಕ ಅಮೆರಿಕದ ಮಿಷಿಗನ್‌ನಲ್ಲಿದ್ದಳು. ಪ್ರತಿ ಭಾನುವಾರ ಫೋನ್ ಮಾಡುತ್ತಿದ್ದಳು. ತಮ್ಮ ಒಂದೆರಡು ಮಾತಾಡಿ ಫೋನನ್ನು ತಾಯಿಗೆ ಕೊಡುತ್ತಿದ್ದ. ಸೆಪ್ಟೆಂಬರಿನ ಒಂದು ಭಾನುವಾರ ಅವಳು ಓದಿನ ವಿಷಯ ಎತ್ತಲಿಲ್ಲ. ಮನೆಯ ಮುಂದೆ ಹೂ ಹಾಕಲು ಐವತ್ತು ಟ್ಯೂಲಿಪ್ ಗಡ್ಡೆ ತರಿಸಿದ್ದೇನೆ, ಮುಂದಿನ ತಿಂಗಳು ನೆಡಬೇಕು ಎಂದಳು.

“ಅಕ್ಟೋಬರದಾಗ ನೆಟ್ಟರ ಹೂ ಯಾವಾಗ?”

“ಏಪ್ರಿಲ್ ಕೊನೆ, ಇಲ್ಲಾ ಮೇ.”

“ನಡುವ ಹಿಮ ಬೀಳ್ತದಲ್ಲ?”

“ಬೀಳ್ಲಿ. ಅದಕ್ಕ ಹಿಮಾನೇ ಬೇಕು.”

ಹುಡುಗನಿಗೆ ಇದು ತಮಾಷೆಯಾಗಿ ಕಂಡಿತು. ಬಳ್ಳಾರಿಯಲ್ಲಿ ಬೇಸಿಗೆಯ ಉಷ್ಣಾಂಶ 40 ಡಿಗ್ರಿ ಸೆಲ್ಸಿಯಸ್ ದಾಟುವುದು ಹೊಸತಲ್ಲ. ಚಳಿಗಾಲವೆಂದರೆ ಡಿಸೆಂಬರ್, ಜನವರಿಯ ಕೆಲವು ರಾತ್ರಿಗಳು 15 ಡಿಗ್ರಿ ಆಸುಪಾಸಿಗೆ ಇಳಿಯುವುದು, ಅಷ್ಟೆ. ಸೊನ್ನೆಗಿಂತ ಕೆಳಗೆ ಇಪ್ಪತ್ತು ಡಿಗ್ರಿಯವರೆಗೂ ಹೋಗಬಹುದಾದ ಚಳಿಯಲ್ಲಿ, ಕಲ್ಲಿನಂತೆ ಗಟ್ಟಿಯಾದ ನೆಲದಲ್ಲಿ ಈರುಳ್ಳಿಯಂಥ ಗಡ್ಡೆಯೊಂದು ಬದುಕುತ್ತದೆ ಎಂದರೆ ನಂಬುವುದು ಹೇಗೆ? ಆ ದಿನ ಅವರಿಬ್ಬರ ಮಾತು ಮುಗಿಯಲು ಮುಕ್ಕಾಲು ಗಂಟೆ ಹಿಡಿಯಿತು. ತಾಯಿ ಅಡುಗೆಮನೆಯಲ್ಲಿ ನಿಂತು ಸುಮ್ಮನೆ ಕೇಳಿಸಿಕೊಂಡರು.

ಅಕ್ಕ ಹೇಳಿದ್ದರ ಸಾರಾಂಶ ಇಷ್ಟು. ಗಡ್ಡೆಯನ್ನು ಅದರ ಎತ್ತರದ ಮೂರು ಪಟ್ಟು ಆಳಕ್ಕೆ, ಅಂದರೆ ಸುಮಾರು 15ರಿಂದ 20 ಸೆಂಟಿಮೀಟರ್ ಕೆಳಗೆ ನೆಡಬೇಕು. ನೆಲ ಹೆಪ್ಪುಗಟ್ಟುವ ಮೊದಲೇ ಈ ಕೆಲಸ ಮುಗಿಯಬೇಕು. ಏಕೆಂದರೆ ಶರತ್ಕಾಲದ ತಂಪು ಮಣ್ಣಿನಲ್ಲಿ ಗಡ್ಡೆ ಬೇರು ಬಿಟ್ಟುಕೊಳ್ಳಬೇಕಾಗಿರುತ್ತದೆ. ಮೇಲೆ ಏನೂ ಕಾಣದಿದ್ದರೂ ಕೆಳಗೆ ಕೆಲಸ ನಡೆದಿರುತ್ತದೆ. ನೆಲ ಗಟ್ಟಿಯಾದ ಮೇಲೆ ಒಣಗಿದ ಎಲೆ ಅಥವಾ ಹುಲ್ಲನ್ನು ಹೊದಿಸುತ್ತಾರೆ. ಇದು ಗಡ್ಡೆಯನ್ನು ಬೆಚ್ಚಗಿಡಲು ಎನ್ನುವುದಕ್ಕಿಂತ, ನೆಲ ಒಮ್ಮೆ ಕರಗಿ ಒಮ್ಮೆ ಹೆಪ್ಪುಗಟ್ಟಿ ಗಡ್ಡೆಯನ್ನು ಮೇಲಕ್ಕೆ ತಳ್ಳದಿರಲಿ ಎಂದು. ಅದರ ಮೇಲೆ ಹಿಮ ಬಿದ್ದರೆ ಇನ್ನೂ ಒಳ್ಳೆಯದು. ಹೊಸದಾಗಿ ಬಿದ್ದ ಹಿಮದಲ್ಲಿ ಬಹುಪಾಲು ಗಾಳಿಯೇ ಇರುತ್ತದೆ. ಸಿಕ್ಕಿಕೊಂಡ ಗಾಳಿ ಶಾಖವನ್ನು ಸುಲಭವಾಗಿ ಬಿಟ್ಟುಕೊಡುವುದಿಲ್ಲ. ಅಜ್ಜಿ ಹಳೆ ಸೀರೆಗಳನ್ನು ಪದರಪದರವಾಗಿ ಹೊಲಿದ ಕೌದಿಯ ಗುಟ್ಟೂ ಇದೇ. ಹೀಗಾಗಿ ಹೊರಗಿನ ಗಾಳಿ ಎಷ್ಟೇ ಕೊರೆದರೂ ಹಿಮದ ಕೌದಿಯ ಕೆಳಗಿನ ಮಣ್ಣು ಸೊನ್ನೆ ಡಿಗ್ರಿಯ ಹತ್ತಿರವೇ ನಿಂತಿರುತ್ತದೆ. ಗಡ್ಡೆಯೊಳಗಿನ ಪಿಷ್ಟ ಚಳಿಯಲ್ಲಿ ನಿಧಾನವಾಗಿ ಸಕ್ಕರೆಯಾಗುತ್ತದೆ. ಸಕ್ಕರೆ ಕರಗಿದ ನೀರು ಬರೀ ನೀರಿನಷ್ಟು ಬೇಗ ಹೆಪ್ಪುಗಟ್ಟುವುದಿಲ್ಲ.

“ಹಂಗಾರ ಅದಕ್ಕ ವೈರಿ ಯಾರು?” ಎಂದು ತಮ್ಮ ಕೇಳಿದ.

“ಚಳಿ ಅಲ್ಲ, ನಿಂತ ನೀರು. ನೀರು ನಿಂತರ ಕೊಳೀತದ. ಆಮ್ಯಾಲೆ ಅಳಿಲು. ಅಗದು ತಿಂತಾವು.”

ಇನ್ನೊಂದು ವಿಚಿತ್ರವನ್ನೂ ಅವಳು ಹೇಳಿದಳು. ನಮ್ಮಲ್ಲಿ ವರ್ಷವಿಡೀ ನೆಲದಲ್ಲೇ ಇರುವ ಸುಗಂಧರಾಜ, ಕ್ಯಾನಾ, ಡೇಲಿಯಾ ಗಡ್ಡೆಗಳನ್ನು ಅಲ್ಲಿ ಚಳಿಗಾಲಕ್ಕೆ ಮುಂಚೆ ಅಗೆದು ತೆಗೆದು ಮನೆಯೊಳಗೆ ಒಣಜಾಗದಲ್ಲಿ ಇಡಬೇಕು. ಹೊರಗೆ ಬಿಟ್ಟರೆ ಸಾಯುತ್ತವೆ. ಟ್ಯೂಲಿಪ್ ಮಾತ್ರ ಹೊರಗೇ ಇರಬೇಕು. ಒಂದೇ ಅಂಗಳ, ಒಂದೇ ಚಳಿ; ಒಂದಕ್ಕೆ ಅದು ಮೃತ್ಯು, ಇನ್ನೊಂದಕ್ಕೆ ಮದ್ದು.

ಇದಕ್ಕೆ ಕಾರಣ ಅವುಗಳ ತವರು. ಸುಗಂಧರಾಜ ಬೆಚ್ಚನೆಯ ಮೆಕ್ಸಿಕೋದಿಂದ ಬಂದದ್ದು. ಕಾಡು ಟ್ಯೂಲಿಪ್‌ಗಳು ಮಧ್ಯ ಏಷ್ಯಾದ ತಿಯೆನ್‌ಶಾನ್‌ನಂಥ ಬೆಟ್ಟಗಳವು. ಅಲ್ಲಿ ಬೇಸಿಗೆ ಒಣ, ಚಳಿಗಾಲ ಕಠೋರ, ವಸಂತ ಬಹಳ ಚಿಕ್ಕದು. ಹಿಮ ಕರಗಿದ ಆ ಕೆಲವು ವಾರಗಳಲ್ಲೇ ಚಿಗುರಿ, ಹೂ ಬಿಟ್ಟು, ಮುಂದಿನ ವರ್ಷಕ್ಕೆ ಆಹಾರ ಕೂಡಿಟ್ಟು ಮಲಗಬೇಕು. ತುರ್ಕಿಯ ಸುಲ್ತಾನರ ತೋಟಗಳನ್ನು ಹಾದು ಈ ಗಡ್ಡೆ ಯುರೋಪಿಗೆ ಹೋಯಿತು. ಕರೋಲಸ್ ಕ್ಲೂಸಿಯಸ್ ಎಂಬ ಸಸ್ಯವಿಜ್ಞಾನಿ 1593ರಲ್ಲಿ ಹಾಲೆಂಡಿನ ಲೈಡನ್ ವಿಶ್ವವಿದ್ಯಾಲಯದ ತೋಟದಲ್ಲಿ ನೆಟ್ಟ ಗಡ್ಡೆಗಳು ಮರುವರ್ಷ ಅರಳಿದವು. ಮುಂದೆ ಅದರ ಹುಚ್ಚು ಎಷ್ಟು ಏರಿತೆಂದರೆ, ಒಂದೊಂದು ಅಪರೂಪದ ಗಡ್ಡೆಗೆ ಮನೆಯ ಬೆಲೆ ಬಂದು, 1637ರ ಫೆಬ್ರವರಿಯಲ್ಲಿ ಆ ವ್ಯಾಪಾರ ಒಮ್ಮೆಲೇ ಕುಸಿಯಿತು. ಎರಡನೆಯ ಮಹಾಯುದ್ಧದ 1944-45ರ ಬರಗಾಲದ ಚಳಿಯಲ್ಲಿ ಅದೇ ಹಾಲೆಂಡಿನ ಜನ ಹಸಿವು ತಾಳದೆ ಟ್ಯೂಲಿಪ್ ಗಡ್ಡೆಗಳನ್ನೇ ಬೇಯಿಸಿ ತಿಂದರು. ಅಮೆರಿಕಕ್ಕೆ ವಲಸೆ ಹೋದ ಡಚ್ಚರು ಕಟ್ಟಿದ ಊರೊಂದು ಮಿಷಿಗನ್‌ನಲ್ಲಿದೆ. ಅದರ ಹೆಸರೂ ಹಾಲೆಂಡ್. 1929ರಲ್ಲಿ ಆರಂಭವಾದ ಟ್ಯೂಲಿಪ್ ಹಬ್ಬ ಅಲ್ಲಿ ಮೇ ತಿಂಗಳಲ್ಲಿ ನಡೆಯುತ್ತದೆ.

“ನನಗೂ ನಾಕು ಗಡ್ಡಿ ಕಳಸು” ಎಂದ ತಮ್ಮ. ಅಕ್ಕ ಒಪ್ಪಲಿಲ್ಲ. ಗಡ್ಡೆಯ ಜೊತೆ ಬೇರೆ ದೇಶದ ರೋಗ, ಹುಳ ಬರಬಹುದು. ಅದಕ್ಕಾಗಿಯೇ ಭಾರತದ 2003ರ ಸಸ್ಯ ಕ್ವಾರಂಟೈನ್ ಆದೇಶದಂತೆ, ಪರವಾನಗಿ ಮತ್ತು ರೋಗವಿಲ್ಲವೆಂಬ ಪ್ರಮಾಣಪತ್ರವಿಲ್ಲದೆ ಗಡ್ಡೆ, ಬೀಜಗಳನ್ನು ಹೊರದೇಶದಿಂದ ತರುವಂತಿಲ್ಲ. ಹುಡುಗ ಸುಮ್ಮನಾದ.

ಅಕ್ಟೋಬರ್ ಮೊದಲ ವಾರ ತಂದೆ ಬ್ಯಾಂಕಿನ ಕೆಲಸದ ಮೇಲೆ ಬೆಂಗಳೂರಿಗೆ ಹೋದರು. ಮರಳಿ ಬಂದ ಬೆಳಗ್ಗೆ ಹುಡುಗನ ಮೇಜಿನ ಮೇಲೆ ಒಂದು ಕಾಗದದ ಚೀಲವಿತ್ತು. ಅದರಲ್ಲಿ ಹತ್ತು ಗಡ್ಡೆಗಳು, ಕಂದು ಸಿಪ್ಪೆಯವು, ಸಣ್ಣ ಉಳ್ಳಾಗಡ್ಡಿಯಂತೆ. ಬೆಂಗಳೂರಿನ ಒಂದು ನರ್ಸರಿಯಿಂದ ತಂದದ್ದು. ತಂದೆ ಏನೂ ಹೇಳಿರಲಿಲ್ಲ, ಮಗನೂ ಏನೂ ಕೇಳಲಿಲ್ಲ. ಆ ಸಂಜೆ ಮಾತ್ರ “ಎಷ್ಟು ಓದಿದಿ” ಎಂಬ ಪ್ರಶ್ನೆ ಬರಲಿಲ್ಲ.

ಅಕ್ಕ ಹೇಳಿದಂತೆ ಹುಡುಗ ಹತ್ತರಲ್ಲಿ ಒಂದನ್ನು ತುದಿಯಿಂದ ಬುಡದವರೆಗೆ ಉದ್ದಕ್ಕೆ ಸೀಳಿದ. ನಡುವೆ ತೆಳು ಹಳದಿ ಬಣ್ಣದ ಮೊಳಕೆ. ಭೂತಗನ್ನಡಿಯಲ್ಲಿ ನೋಡಿದರೆ ಮಡಿಸಿಟ್ಟ ಎಲೆಗಳು. ಅವುಗಳೊಳಗೆ ಗುಂಡುಸೂಜಿಯ ತಲೆಯಷ್ಟು ಗಾತ್ರದ ಹೂ. ದಳಗಳು, ಕೇಸರಗಳು, ನಡುವಿನ ಅಂಡಾಶಯ ಎಲ್ಲವೂ ಆಗಲೇ ಸಿದ್ಧ. ಹುಡುಗ ಅದರ ಚಿತ್ರ ಬರೆದು ತಾರೀಕು ಹಾಕಿದ.

ಹಾಲೆಂಡಿನ ವಾಗೆನಿಂಗೆನ್‌ನಲ್ಲಿ ಬ್ಲಾವ್ ಎಂಬ ವಿಜ್ಞಾನಿ 1920ರ ದಶಕದಲ್ಲಿ ಇಂಥ ಸಾವಿರಾರು ಗಡ್ಡೆಗಳನ್ನು ಸೀಳಿ ನೋಡಿ, ಅವು ಮಲಗಿರುವಾಗ ಒಳಗೆ ಏನು ನಡೆಯುತ್ತದೆ ಎಂಬುದನ್ನು ಗುರುತಿಸಿದರು. ಎಲೆ ಒಣಗಿ ಗಡ್ಡೆ ನಿಶ್ಚಲವಾಗಿ ಕಾಣುವ ಬೇಸಿಗೆಯ ತಿಂಗಳುಗಳಲ್ಲೇ ಟ್ಯೂಲಿಪ್ ತನ್ನ ಮುಂದಿನ ವರ್ಷದ ಹೂವನ್ನು ರಚಿಸಿಕೊಳ್ಳುತ್ತದೆ. ಅದಕ್ಕೆ 17ರಿಂದ 20 ಡಿಗ್ರಿಯ ಹಿತವಾದ ಬಿಸಿ ಬೇಕು. ಹೂ ರಚನೆಯಾದ ಮೇಲೆ ಸುಮಾರು 5ರಿಂದ 9 ಡಿಗ್ರಿಯ ಚಳಿ ಹನ್ನೆರಡರಿಂದ ಹದಿನಾರು ವಾರ ಬೇಕು. ಚಳಿ ಸಿಗದಿದ್ದರೆ ದಂಟು ಉದ್ದವಾಗುವುದಿಲ್ಲ, ಹೂ ಒಳಗೇ ಕಮರುತ್ತದೆ. ಅಂದರೆ ಚಳಿಗಾಲ ಹೂವನ್ನು ಮಾಡುವುದಿಲ್ಲ. ಮಾಡಿಟ್ಟ ಹೂವನ್ನು ಹೊರಗೆ ಬರುವಂತೆ ಸಜ್ಜುಗೊಳಿಸುತ್ತದೆ.

ಬಳ್ಳಾರಿಯಲ್ಲಿ ಅಂಥ ಚಳಿ ಎಲ್ಲಿಂದ ತರುವುದು? ಅಡುಗೆಮನೆಯ ಫ್ರಿಜ್ಜಿನಿಂದ. ಒಂಬತ್ತು ಗಡ್ಡೆಗಳು ಕಾಗದದ ಚೀಲದಲ್ಲಿ ಫ್ರಿಜ್ಜಿನ ಕೆಳಗಿನ ತರಕಾರಿ ಡಬ್ಬಿ ಸೇರಿದವು. ಗೋಡೆಯ ಕ್ಯಾಲೆಂಡರಿನಲ್ಲಿ ಹನ್ನೆರಡು ವಾರಗಳಿಗೆ ಗುರುತು ಬಿತ್ತು.

ಈ ಸಂಭ್ರಮವನ್ನೆಲ್ಲ ನೋಡಿದ ಅಜ್ಜಿಗೆ ನಗು. ಅವರು ಕುರುಗೋಡು ಕಡೆಯ ಹಳ್ಳಿಯವರು. “ಗಡ್ಡಿಗೆ ಚಳಿ ತೋರಸಾಕ ಪೆಟ್ಟಿಗಿ ಯಾಕ ಬೇಕಪಾ? ಉಳ್ಳಾಗಡ್ಡಿ ಏನು ಮಾಡತೈತಿ ನೋಡೀಯೇನು?” ಎಂದು ಕೇಳಿದರು. ದೀಪಾವಳಿ ಕಳೆದ ವಾರ ಬುಟ್ಟಿಯಲ್ಲಿದ್ದ ಉಳ್ಳಾಗಡ್ಡಿಗಳಲ್ಲಿ ಗಟ್ಟಿಯಾದ, ಒಂದೇ ಬಣ್ಣದ ಆರನ್ನು ಆರಿಸಿ ಮೊಮ್ಮಗನ ಕೈಲಿ ಹಿತ್ತಲ ಮೂಲೆಯಲ್ಲಿ ನೆಡಿಸಿದರು. ತಿನ್ನಲು ಅಲ್ಲ, ಬೀಜಕ್ಕೆ.

ಉಳ್ಳಾಗಡ್ಡಿ ಬಳ್ಳಾರಿಯವರಿಗೆ ಹೊಸದಲ್ಲ. ತಮಿಳುನಾಡಿನಲ್ಲಿ ದೊಡ್ಡ ಈರುಳ್ಳಿಗೆ ಇಂದಿಗೂ ‘ಬಳ್ಳಾರಿ ವೆಂಗಾಯಂ’ ಎನ್ನುವ ಹೆಸರಿದೆ. ಆದರೆ ಅದು ಟ್ಯೂಲಿಪ್‌ನಂತೆಯೇ ಒಂದು ಗಡ್ಡೆ, ಅದಕ್ಕೂ ನಿದ್ದೆ ಇದೆ, ಚಳಿಯ ಲೆಕ್ಕವಿದೆ ಎಂಬುದು ದಿನಾ ಹೆಚ್ಚುವವರಿಗೂ ಹೊಳೆಯುವುದಿಲ್ಲ. ಉಳ್ಳಾಗಡ್ಡಿಯ ಆಯುಷ್ಯ ಎರಡು ಹಂಗಾಮಿನದು. ಮೊದಲ ಹಂಗಾಮಿನಲ್ಲಿ ಬೀಜದಿಂದ ಗಡ್ಡೆ. ಎಲೆ ಬಾಗಿ ಒಣಗಿದ ಮೇಲೆ ರೈತರು ಕಿತ್ತು, ಕುತ್ತಿಗೆ ಒಣಗಿಸಿ, ಗಾಳಿಯಾಡುವ ಜಾಗದಲ್ಲಿ ಕೂಡಿಡುತ್ತಾರೆ. ಅದು ನಿದ್ದೆಯ ಕಾಲ. ಸೊನ್ನೆಯ ಹತ್ತಿರದ ಕೊರೆಯುವ ಚಳಿಯಲ್ಲೂ, 25ರಿಂದ 30 ಡಿಗ್ರಿಯ ಒಣ ಬಿಸಿಯಲ್ಲೂ ಅದು ಮಲಗಿರಬಲ್ಲದು. ನಡುವಿನ 10ರಿಂದ 20 ಡಿಗ್ರಿಯಲ್ಲಿ ಬೇಗ ಮೊಳೆಯುತ್ತದೆ. ಎರಡನೆಯ ಹಂಗಾಮಿನಲ್ಲಿ ಆ ಗಡ್ಡೆಯನ್ನು ಮತ್ತೆ ನೆಟ್ಟು, ಕೆಲವು ವಾರಗಳ ತಂಪು ತಾಗಿದರೆ, ಅದು ಎಲೆ ಬಿಡುವುದನ್ನು ನಿಲ್ಲಿಸಿ ಹೂವಿನ ದಂಟು ಕಟ್ಟಲು ತೊಡಗುತ್ತದೆ. ಇದಕ್ಕೆ ವಿಜ್ಞಾನದಲ್ಲಿ ವರ್ನಲೈಸೇಷನ್ ಎಂದು ಹೆಸರು. ವಸಂತಕ್ಕೆ ಅಣಿಯಾಗಿಸುವುದು ಎಂದು ಅರ್ಥ. ಜರ್ಮನಿಯ ಗುಸ್ತಾವ್ ಗಾಸ್ನರ್ 1918ರಲ್ಲಿ ರೈ ಎಂಬ ಧಾನ್ಯದಲ್ಲಿ ಚಳಿಯ ಈ ಅಗತ್ಯವನ್ನು ವಿವರಿಸಿದ್ದರು.

ಇಲ್ಲಿ ಒಂದು ವ್ಯತ್ಯಾಸವನ್ನು ವಿದ್ಯಾರ್ಥಿಗಳು ಗಮನಿಸಬೇಕು. ಟ್ಯೂಲಿಪ್‌ನಲ್ಲಿ ಹೂ ಮೊದಲೇ ರಚನೆಯಾಗಿರುತ್ತದೆ, ಚಳಿ ಅದನ್ನು ಹೊರತರುತ್ತದೆ. ಉಳ್ಳಾಗಡ್ಡಿಯಲ್ಲಿ ಹೂ ಬಿಡಬೇಕೆಂಬ ತಿರುವೇ ಚಳಿಯಿಂದ ಆಗುತ್ತದೆ. ಅದಕ್ಕೆ ಮಿಷಿಗನ್ನಿನ ಹಿಮ ಬೇಡ. ನಮ್ಮ ಬಯಲುಸೀಮೆಯ ಮಾಗಿಯ ರಾತ್ರಿಗಳೇ ಸಾಕು. ಅಷ್ಟಕ್ಕೇ ಒಪ್ಪಿಕೊಳ್ಳುವ ತಳಿಗಳನ್ನು ಇಲ್ಲಿನ ರೈತರು ತಲೆಮಾರುಗಳಿಂದ ಆರಿಸಿ ಉಳಿಸಿಕೊಂಡು ಬಂದಿದ್ದಾರೆ.

ನವೆಂಬರ್ ಕೊನೆಯಲ್ಲಿ ಅಜ್ಜಿ ಬಚ್ಚಲಲ್ಲಿ ಜಾರಿ ಬಿದ್ದರು. ಕಾಲಿನ ಮೂಳೆಗೆ ಪೆಟ್ಟಾಗಿ ಆರು ವಾರ ಹಾಸಿಗೆ. ನೋಡಲು ಬಂದವರೆಲ್ಲ ಸೇಬು, ಬಾಳೆಹಣ್ಣು ತಂದರು. ಹಣ್ಣು ಕೆಡಬಾರದೆಂದು ತಾಯಿ ಸೇಬುಗಳನ್ನೆಲ್ಲ ಫ್ರಿಜ್ಜಿನ ಕೆಳಗಿನ ಡಬ್ಬಿಯಲ್ಲಿ ತುಂಬಿದರು. ಮಗನ ಗಡ್ಡೆಗಳ ಚೀಲವನ್ನು ಜೋಪಾನವಾಗಿ ಅದೇ ಡಬ್ಬಿಯ ಮೂಲೆಗೆ ಸರಿಸಿ, ಮೇಲೆ ಇನ್ನಷ್ಟು ಸೇಬು ಇಟ್ಟರು.

ಡಿಸೆಂಬರ್ ಮುಗಿಯುವ ಹೊತ್ತಿಗೆ ಹನ್ನೆರಡು ವಾರ ತುಂಬಿದವು. ಹುಡುಗ ಒಂಬತ್ತು ಗಡ್ಡೆಗಳನ್ನು ಮರಳು ಬೆರೆಸಿದ ಮಣ್ಣಿನ ಕುಂಡಗಳಲ್ಲಿ ನೆಟ್ಟು, ನೆರಳಿನಲ್ಲಿಟ್ಟು ಕಾದ. ಜನವರಿಯಲ್ಲಿ ಬೂದುಹಸಿರು ಎಲೆಗಳು ಮೂಡಿದವು. ಮನೆಯವರೆಲ್ಲ ಬೆಳಗ್ಗೆ ಎದ್ದು ಮೊದಲು ಕುಂಡ ನೋಡುವಂತಾಯಿತು. ಎಲೆ ಬಿಚ್ಚಿದವು. ನಡುವೆ ಹೂ ಬರಬೇಕಾದ ಜಾಗದಲ್ಲಿ ಒಣಗಿದ ಕಾಗದದ ಚೂರಿನಂಥದು ಕಂಡಿತು. ಒಂದರಲ್ಲಿ ಅಲ್ಲ, ಒಂಬತ್ತರಲ್ಲೂ.

ಹುಡುಗ ಎರಡು ದಿನ ಮಹಡಿಯಿಂದ ಇಳಿಯಲಿಲ್ಲ. “ನಾ ಕೈ ಹಾಕಿದ್ದು ಯಾವುದೂ ಆಗಾಂಗಿಲ್ಲ” ಎಂದು ತಾಯಿಯ ಮುಂದೆ ಅಂದನಂತೆ. ಹೆತ್ತವರಿಗೆ ಮಗನ ಬಾಯಿಂದ ಇಂಥ ಮಾತು ಕೇಳುವುದು ಅಂಕಪಟ್ಟಿಯ ಯಾವ ಸಂಖ್ಯೆಗಿಂತಲೂ ಕಷ್ಟ. ತಾಯಿ ಭಾನುವಾರದವರೆಗೆ ಕಾಯದೆ ಮಗಳಿಗೆ ಫೋನ್ ಮಾಡಿದರು.

ಅಕ್ಕನಿಗೂ ಉತ್ತರ ಗೊತ್ತಿರಲಿಲ್ಲ. ಅವಳ ಅಂಗಳವೇ ಫ್ರಿಜ್ಜು; ಅಡುಗೆಮನೆಯಲ್ಲಿ ಗಡ್ಡೆ ಇಟ್ಟವಳಲ್ಲ. ನೆರೆಮನೆಯ ವೃದ್ಧ ತೋಟಗಾರರೊಬ್ಬರನ್ನು ಕೇಳಿ ಮರುದಿನ ತಿಳಿಸಿದಳು. ಅವರು ಕೇಳಿದ ಪ್ರಶ್ನೆ ಒಂದೇ: “ಪಕ್ಕದಲ್ಲಿ ಸೇಬು ಇತ್ತೇ?”

ಮಾಗುವ ಹಣ್ಣು ಎಥಿಲೀನ್ ಎಂಬ ಅನಿಲವನ್ನು ಹೊರಬಿಡುತ್ತದೆ. ಮಾವಿನಕಾಯಿಯನ್ನು ಹುಲ್ಲಿನಲ್ಲಿ ಮುಚ್ಚಿ ಹಣ್ಣಿಗಿಟ್ಟಾಗ ಅದು ಬೇಗ ಮಾಗುವುದು ಈ ಅನಿಲ ಒಳಗೇ ಉಳಿಯುವುದರಿಂದ. ಇದರ ಪತ್ತೆಯಾದದ್ದೂ ಸ್ವಾರಸ್ಯಕರ. ರಷ್ಯಾದ ಸೇಂಟ್ ಪೀಟರ್ಸ್‌ಬರ್ಗ್‌ನಲ್ಲಿ ದಿಮಿತ್ರಿ ನೆಲ್ಯುಬೋವ್ ಎಂಬ ವಿದ್ಯಾರ್ಥಿಯ ಬಟಾಣಿ ಸಸಿಗಳು ಪ್ರಯೋಗಾಲಯದೊಳಗೆ ನೆಟ್ಟಗೆ ಬೆಳೆಯದೆ ಅಡ್ಡಡ್ಡ ಬೆಳೆಯುತ್ತಿದ್ದವು. ಪ್ರಯೋಗ ಕೆಟ್ಟಿತೆಂದು ಅವನು ಕೈಬಿಡಲಿಲ್ಲ, ಯಾಕೆ ಕೆಟ್ಟಿತೆಂದು ಹುಡುಕಿದ. ದೀಪಕ್ಕೆ ಉರಿಸುತ್ತಿದ್ದ ಕಲ್ಲಿದ್ದಲ ಅನಿಲದಲ್ಲಿನ ಎಥಿಲೀನೇ ಕಾರಣವೆಂದು 1901ರಲ್ಲಿ ತೋರಿಸಿದ. ಹಣ್ಣುಗಳೇ ಈ ಅನಿಲವನ್ನು ತಯಾರಿಸುತ್ತವೆ ಎಂಬುದನ್ನು ಇಂಗ್ಲೆಂಡಿನ ಗೇನ್ 1934ರಲ್ಲಿ ಸಾಬೀತುಪಡಿಸಿದ. ಹಣ್ಣಿಗೆ ಹಿತವಾದ ಈ ಅನಿಲ ಟ್ಯೂಲಿಪ್ ಗಡ್ಡೆಯೊಳಗಿನ ಎಳೆಯ ಹೂವನ್ನು ಕೊಂದುಬಿಡುತ್ತದೆ. ಗಡ್ಡೆ ಹೊರಗಿನಿಂದ ಗಟ್ಟಿಯಾಗಿಯೇ ಇರುತ್ತದೆ, ಎಲೆಯೂ ಬರುತ್ತದೆ, ಹೂ ಮಾತ್ರ ಇರುವುದಿಲ್ಲ.

ಹುಡುಗ ಒಂದು ಗಡ್ಡೆಯನ್ನು ಕಿತ್ತು ಸೀಳಿದ. ಅಕ್ಟೋಬರಿನಲ್ಲಿ ತಾನೇ ಬರೆದ ಚಿತ್ರವನ್ನು ಪಕ್ಕದಲ್ಲಿಟ್ಟ. ಅಲ್ಲಿ ತುಂಬಿಕೊಂಡ ಹಸಿ ಹೂ. ಇಲ್ಲಿ ಅದೇ ಜಾಗದಲ್ಲಿ ಒಣಗಿದ ಬಿಳಿ ಪೊರೆ. ಗಡ್ಡೆ ಬರುವಾಗ ಚೆನ್ನಾಗಿತ್ತು, ನಡುವಿನ ಹನ್ನೆರಡು ವಾರಗಳಲ್ಲಿ ಕೆಟ್ಟಿತು ಎಂಬುದಕ್ಕೆ ಬೇರೆ ಸಾಕ್ಷಿ ಬೇಕಿರಲಿಲ್ಲ.

“ನನ್ನಿಂದನ ಆತಲ್ಲೋ” ಎಂದು ತಾಯಿ ಕಣ್ಣಲ್ಲಿ ನೀರು ತಂದುಕೊಂಡರು.

“ನಿನಗ ಗೊತ್ತಿರಲಿಲ್ಲಮ್ಮ, ನನಗೂ ಗೊತ್ತಿರಲಿಲ್ಲ. ಈಗ ಗೊತ್ತಾತಲ್ಲ” ಎಂದ ಮಗ.

ಆ ರಾತ್ರಿ ಅವನು ಕಪಾಟಿನ ಮೇಲಿನ ಲಕೋಟೆಯನ್ನು ತೆಗೆದು ಒಡೆದ. ಭೌತಶಾಸ್ತ್ರದ ಉತ್ತರಪತ್ರಿಕೆಯ ನಕಲು. ಆರು ತಿಂಗಳು ಅದನ್ನು ಮುಟ್ಟಲು ಧೈರ್ಯವಾಗಿರಲಿಲ್ಲ. ಗಡ್ಡೆಯನ್ನು ಸೀಳಿ ನೋಡಿದಷ್ಟೇ ನಿಧಾನವಾಗಿ ಪುಟಪುಟ ನೋಡಿದ. ತಾನು ಭೌತಶಾಸ್ತ್ರದಲ್ಲಿ ದಡ್ಡನೆಂದು ಅಷ್ಟು ದಿನ ನಂಬಿದ್ದ. ಪತ್ರಿಕೆ ಬೇರೆಯೇ ಹೇಳುತ್ತಿತ್ತು. ವ್ಯಾಖ್ಯೆಗಳಿಗೆ ಅಂಕ ಬಂದಿತ್ತು, ವಿವರಣೆಗಳಿಗೂ ಒಂದಷ್ಟು ಬಂದಿತ್ತು. ಲೆಕ್ಕಗಳಿಗೆ ಮಾತ್ರ ಸೊನ್ನೆ. ಎರಡು ಲೆಕ್ಕಗಳನ್ನು ಮುಟ್ಟೇ ಇರಲಿಲ್ಲ. ಒಂದರಲ್ಲಿ ಸೂತ್ರ ಸರಿ, ಸೆಂಟಿಮೀಟರನ್ನು ಮೀಟರಿಗೆ ಬದಲಿಸಿರಲಿಲ್ಲ. ಒಣಗಿದ್ದು ಇಡೀ ಗಡ್ಡೆಯಲ್ಲ, ಒಂದು ಭಾಗ. ಪರೀಕ್ಷೆಗೆ ಎರಡು ತಿಂಗಳಿತ್ತು. ಮರುದಿನದಿಂದ ದಿನಕ್ಕೆ ಹತ್ತು ಲೆಕ್ಕ ಎಂದು ಅವನೇ ಕಟ್ಟು ಹಾಕಿಕೊಂಡ.

ಫೆಬ್ರವರಿಯಲ್ಲಿ ಹಿತ್ತಲ ಮೂಲೆಯಲ್ಲಿ ಅಜ್ಜಿಯ ಉಳ್ಳಾಗಡ್ಡಿ ಅರಳಿತು. ಟೊಳ್ಳಾದ ಹಸಿರು ದಂಟುಗಳು ಸೊಂಟದೆತ್ತರಕ್ಕೆ ಬೆಳೆದು, ತುದಿಯಲ್ಲಿ ನೂರಾರು ಪುಟ್ಟ ಬಿಳಿ ಹೂಗಳ ಗುಂಡುಗಳು. ಜೇನುಹುಳಗಳು ಎಲ್ಲಿಂದಲೋ ಬಂದವು. ಉಳ್ಳಾಗಡ್ಡಿ ಹೂವಿನಲ್ಲಿ ಪರಾಗ ಮೊದಲು ಉದುರಿ, ಶಲಾಕಾಗ್ರ ಆಮೇಲೆ ಸಿದ್ಧವಾಗುತ್ತದೆ. ಹೀಗಾಗಿ ಬೀಜ ಕಟ್ಟಲು ಹುಳಗಳ ಓಡಾಟ ಬೇಕೇಬೇಕು. ಕೋಲೂರಿ ಹೊರಬಂದ ಅಜ್ಜಿ ಮೊಮ್ಮಗನಿಗೆ ಇನ್ನೊಂದು ಮಾತು ಹೇಳಿದರು. ಮಾರುವುದಕ್ಕೆ ಬೆಳೆದ ಹೊಲದಲ್ಲಿ ಇದೇ ದಂಟು ಎದ್ದರೆ ರೈತನಿಗೆ ನಷ್ಟ. ಗಡ್ಡೆಯ ನಡುವೆ ಗಟ್ಟಿ ಕಡ್ಡಿಯಾಗಿ ಅದು ಕೆಡುತ್ತದೆ. ಬೀಜದ ಮಡಿಯಲ್ಲಿ ಎದ್ದರೆ ಲಾಭ. “ಹೂ ಒಂದೇ ಅಪಾ, ಹೊತ್ತು ಬ್ಯಾರೆ.”

ಏಪ್ರಿಲ್‌ನಲ್ಲಿ ಒಂದು ಹಿಡಿ ಕಪ್ಪು ಬೀಜ ಬಂತು. ಉಳ್ಳಾಗಡ್ಡಿ ಬೀಜ ಬಹಳ ಕಾಲ ಮೊಳೆಯುವ ಶಕ್ತಿ ಉಳಿಸಿಕೊಳ್ಳುವುದಿಲ್ಲ. ಮುಂದಿನ ಹಂಗಾಮಿಗೇ ಬಿತ್ತಬೇಕು. ಅಜ್ಜಿ ಅದನ್ನು ಊರಿನ ತಮ್ಮನ ಮಗನಿಗೆ ಕಟ್ಟಿ ಕಳಿಸಿದರು.

ಹುಡುಗ ಭೌತಶಾಸ್ತ್ರದಲ್ಲಿ ಪಾಸಾದ. ಹೇಳಿಕೊಳ್ಳುವಂಥ ಅಂಕವೇನಲ್ಲ. ಬಿಎಸ್ಸಿಗೆ ಸೇರಿದ. ಜೊತೆಯವರಿಗಿಂತ ಒಂದು ವರ್ಷ ಹಿಂದೆ ಎಂದು ಕೆಲವು ನೆಂಟರು ಇನ್ನೂ ಲೆಕ್ಕ ಹಾಕುತ್ತಾರೆ. ಅದು ಲೆಕ್ಕವೇ ಹೌದು, ಸುಳ್ಳಲ್ಲ. ಆದರೆ ಆ ವರ್ಷದಲ್ಲಿ ಏನೂ ಆಗಲಿಲ್ಲ ಎಂದರೆ ಮಾತ್ರ ಸುಳ್ಳು.

ಮರುವರ್ಷ ಮತ್ತೆ ಐದು ಟ್ಯೂಲಿಪ್ ಗಡ್ಡೆ ಬಂದವು. ಮೂರು ತಿಂಗಳು ಮನೆಯ ಹಣ್ಣುಗಳೆಲ್ಲ ಬುಟ್ಟಿಯಲ್ಲೇ ಉಳಿದವು. ಫ್ರಿಜ್ಜಿಗೆ ಸೇಬು ಇಡುವ ಧೈರ್ಯ ಯಾರಿಗೂ ಇರಲಿಲ್ಲ. ಜನವರಿ ಕೊನೆಯಲ್ಲಿ ಐದರಲ್ಲಿ ಮೂರು ಅರಳಿದವು. ಒಂದು ಗೇಣಿನಷ್ಟು ಗಿಡ್ಡ ದಂಟು, ಕೆಂಪು ಹೂ. ಬಳ್ಳಾರಿಯ ಬಿಸಿಲಿಗೆ ಐದು ದಿನವೂ ನಿಲ್ಲಲಿಲ್ಲ. “ಇಷ್ಟಕ್ಕ ಅಷ್ಟು ಪಾಡ?” ಎಂದು ಅಜ್ಜಿ ನಕ್ಕರು.

ಆ ಗಡ್ಡೆಗಳು ಮುಂದಿನ ವರ್ಷಕ್ಕೆ ಉಳಿಯಲಿಲ್ಲ. ಉಳಿಯುವುದಿಲ್ಲವೆಂದು ಹುಡುಗನಿಗೆ ಮೊದಲೇ ಗೊತ್ತಿತ್ತು. ಪ್ರತಿ ವರ್ಷ ಟ್ಯೂಲಿಪ್‌ನ ತಾಯಿಗಡ್ಡೆ ಕರಗಿ ಮರಿಗಡ್ಡೆಗಳಾಗುತ್ತವೆ. ಹೂ ಮುಗಿದ ಮೇಲೂ ಎಲೆ ಹಲವು ವಾರ ತಂಪಿನಲ್ಲಿ ಹಸಿರಾಗಿದ್ದು ಅವುಗಳಿಗೆ ಆಹಾರ ತುಂಬಬೇಕು. ಇಲ್ಲಿನ ಬಿಸಿಗೆ ಎಲೆ ಬೇಗ ಒಣಗಿದರೆ ಮರಿಗಳು ಬಡಕಲಾಗಿ, ಹೂ ಕೊಡುವ ಗಾತ್ರಕ್ಕೆ ಬರುವುದಿಲ್ಲ. ನಮ್ಮ ದೇಶದಲ್ಲಿ ಟ್ಯೂಲಿಪ್ ನೆಲದಲ್ಲೇ ಚಳಿಗಾಲ ಕಳೆದು ಏಳುವುದನ್ನು ನೋಡಬೇಕೆಂದರೆ ಶ್ರೀನಗರಕ್ಕೆ ಹೋಗಬೇಕು. ದಾಲ್ ಸರೋವರದ ಬಳಿ, ಝಬರ್ವಾನ್ ಬೆಟ್ಟಗಳ ಅಡಿಯಲ್ಲಿ ಇರುವ ಟ್ಯೂಲಿಪ್ ತೋಟ ಮಾರ್ಚ್ ಕೊನೆ, ಏಪ್ರಿಲ್ ಹೊತ್ತಿಗೆ ತುಂಬಿ ನಿಲ್ಲುತ್ತದೆ. ಪಾರ್ವತಿನಗರದ ಹಿತ್ತಲಿಗೆ ಹೊಂದುವುದು ಉಳ್ಳಾಗಡ್ಡಿ, ಸುಗಂಧರಾಜ, ಮೇ ಫ್ಲವರ್. ಅವುಗಳ ಗಡಿಯಾರ ಈ ಬಿಸಿಲಿಗೆ ಒಗ್ಗುತ್ತದೆ.

ಅದೇ ಫೆಬ್ರವರಿಯ ಒಂದು ಭಾನುವಾರ ತಂದೆ ಪೈಪು ಹಿಡಿದು ಹಿತ್ತಲಿಗೆ ನೀರು ಬಿಡುತ್ತಿದ್ದರು. ಗೋಡೆ ಬದಿಯ ಬರಿಮಣ್ಣಿನ ಕುಂಡಕ್ಕೂ ಧಾರಾಳವಾಗಿ ಬಿಡಲು ಹೋದರು. ಈಗ ಅವರಿಗೂ ಅದರ ಮೇಲೆ ಪ್ರೀತಿ.

“ಅದಕ್ಕ ಬ್ಯಾಡಪ್ಪಾ” ಎಂದ ಮಗ. “ಮಲಗೈತಿ. ಈಗ ಬಾಳ ನೀರು ಕೊಟ್ಟರ ಕೊಳೀತದ.”

“ಮತ್ತೇನು ಮಾಡಬೇಕು ಅದಕ್ಕ?”

“ಏನೂ ಮಾಡಬಾರದು. ಕುಂಡ ಒಗೀಬಾರದು, ಅಷ್ಟ.”

ತಂದೆ ಪೈಪನ್ನು ಕರಿಬೇವಿನ ಕಡೆ ತಿರುಗಿಸಿದರು. ಮೇ ತಿಂಗಳ ಮೊದಲ ವಾರ, ಒಂದು ಗುಡುಗಿನ ಮಳೆ ಬಂದು ಹೋದ ನಾಲ್ಕೈದು ದಿನಕ್ಕೆ, ಮಣ್ಣು ಬಿರಿದು ಕೆಂಪು ತುದಿಯೊಂದು ಹೊರಗೆ ಬಂದಿತ್ತು. ಬೆಳಗ್ಗೆ ಮೊದಲು ನೋಡಿದವರು ಅವರೇ. ಬ್ಯಾಂಕಿಗೆ ಹೊತ್ತಾಗುತ್ತಿದ್ದರೂ ಮನೆಯವರನ್ನೆಲ್ಲ ಹೆಸ���ಿಡಿದು ಕೂಗಿ ಹಿತ್ತಲಿಗೆ ಕರೆದರು.